ಆನೆಗಳಷ್ಟೇ ಉಳಿದ ಮೇಲೆ

ನಮ್ಮ ಸೋದರಮಾವ ತೀರಿಕೊಂಡ ಮೇಲೆ ಅವರ ಟ್ರಂಕಿನಿಂದ ನನ್ನ ಪಾಲಿಗೆ ಬಂದದ್ದು ರಟ್ಟಿನ ಹೊದಿಕೆಯ ಒಂದು ಉದ್ದನೆಯ ನೋಟ್‌ಬುಕ್. ಅಂಚೆ ಕಚೇರಿಯಲ್ಲಿ ಗುಮಾಸ್ತರಾಗಿದ್ದ ಮಾವ ಸಂಜೆ ಕೈಕಾಲು ತೊಳೆದು ಕಾಫಿ ಕುಡಿದ ಮೇಲೆ, ಯಾರ್ಯಾರಿಂದಲೋ ಎರವಲು ತಂದ ಪುಸ್ತಕಗಳಲ್ಲಿನ ಚೆಸ್ ಆಟಗಳನ್ನು ಅದರಲ್ಲಿ ಇಳಿಸಿಕೊಳ್ಳುತ್ತಿದ್ದರು. ನೀಲಿ ಶಾಯಿ, ಗುಂಡು ಅಕ್ಷರ. ಇಂಗ್ಲಿಷ್ ಗುರುತುಗಳ ಬದಲು ತಮ್ಮದೇ ಕನ್ನಡ ಗುರುತುಗಳು: ರಾಜನಿಗೆ ‘ರಾ’, ಮಂತ್ರಿಗೆ ‘ಮಂ’, ಆನೆಗೆ ‘ಆ’, ಒಂಟೆಗೆ ‘ಒಂ’, ಕುದುರೆಗೆ ‘ಕು’. ಕಾಲಾಳಿಗೆ ಗುರುತಿಲ್ಲ, ಅದು ಹೋಗಿ ನಿಂತ ಮನೆಯ ಹೆಸರು ಮಾತ್ರ. ಈಗಿನ ಪತ್ರಿಕೆಗಳು ಮಂತ್ರಿಯನ್ನು ರಾಣಿ ಎಂದು ಬರೆಯುತ್ತವೆ. ನನಗೆ ಮಾತ್ರ ಅದು ಕೊನೆಯವರೆಗೂ ಮಂತ್ರಿಯೇ.

ಆ ನೋಟ್‌ಬುಕ್‌ನಲ್ಲಿ ವಿಶ್ವ ಚಾಂಪಿಯನ್ನರ ಆಟಗಳಿವೆ. ಆದರೆ ಪುಟ ತಿರುವುತ್ತಾ ಹೋದರೆ ಮತ್ತೆ ಮತ್ತೆ ಎದುರಾಗುವುದು ಒಂದೇ ಹೆಸರು, ಅಕೀಬ ರೂಬಿನ್‌ಸ್ಟೈನ್. ವಿಶ್ವ ಚಾಂಪಿಯನ್ನರ ಪಟ್ಟಿಯಲ್ಲಿ ಅವರಿಲ್ಲ. ಚಾಂಪಿಯನ್ ಪಟ್ಟಕ್ಕಾಗಿ ಒಂದು ಪಂದ್ಯವನ್ನಾದರೂ ಆಡುವ ಅವಕಾಶವೂ ಅವರಿಗೆ ಸಿಗಲಿಲ್ಲ. ಚೆಸ್ ಇತಿಹಾಸವನ್ನು ನಾವು ಕಿರೀಟಗಳ ಲೆಕ್ಕದಲ್ಲಿ ಓದುತ್ತೇವೆ: ಲಾಸ್ಕರ್, ಕಾಪಾಬ್ಲಾಂಕಾ, ಅಲೆಖಿನ್ ಎಂದು ಸರಪಳಿ ಕಟ್ಟಿಕೊಂಡು ಆನಂದ್, ಕಾರ್ಲ್‌ಸನ್, ಗುಕೇಶ್‌ವರೆಗೆ ಬರುತ್ತೇವೆ. ಆ ಸರಪಳಿಗೆ ಸೇರದ ಈ ಮನುಷ್ಯನಿಂದ ನಾನು ಕಲಿತಷ್ಟನ್ನು ಸರಪಳಿಯ ಯಾರಿಂದಲೂ ಕಲಿತಿಲ್ಲ. ಹಾಗಾಗಿ ಈ ಬರಹ.

ನನಗಾಗ ಹದಿಮೂರು ವರ್ಷ. ತಾಲ್ಲೂಕು ಮಟ್ಟದ ಒಂದು ಪಂದ್ಯದ ಕೊನೆಯ ಸುತ್ತು. ಹಲಗೆಯ ಮೇಲೆ ಎರಡೂ ಕಡೆ ಒಂದೊಂದು ಆನೆ, ಕೆಲವು ಕಾಲಾಳುಗಳು. ನನ್ನ ಬಳಿ ಒಂದು ಕಾಲಾಳು ಹೆಚ್ಚಿಗಿತ್ತು. ಗೆದ್ದೇ ಬಿಟ್ಟೆ ಎಂಬ ಧೈರ್ಯದಲ್ಲಿ ಆ ಹೆಚ್ಚಿನ ಕಾಲಾಳನ್ನು ಕಾಯಲು ಆನೆಯನ್ನು ಅದರ ಪಕ್ಕದಲ್ಲಿ ತಂದು ಕೂರಿಸಿದೆ. ಎದುರಾಳಿಯ ಆನೆ ಹಲಗೆಯ ತುಂಬ ಓಡಾಡಿತು. ನನ್ನದು ಕೂತಲ್ಲಿಂದ ಕದಲಲಿಲ್ಲ. ಮೊದಲು ಒಂದು ಕಾಲಾಳು ಹೋಯಿತು, ಆಮೇಲೆ ಇನ್ನೊಂದು. ಡ್ರಾ ಕೂಡ ಉಳಿಯಲಿಲ್ಲ. ಬಸ್ಸಿನಲ್ಲಿ ಬರುವಾಗ ಮಾವ ಏನೂ ಹೇಳಲಿಲ್ಲ. ರಾತ್ರಿ ಊಟವಾದ ಮೇಲೆ ಹಲಗೆ ಹಾಸಿ ಅದೇ ಸ್ಥಿತಿಯನ್ನು ಜೋಡಿಸಿದರು. ನನಗೇ ಮರೆತುಹೋಗಿದ್ದ ಒಂದು ಕಾಲಾಳಿನ ಜಾಗವನ್ನೂ ನೆನಪಿಟ್ಟುಕೊಂಡಿದ್ದರು. “ಆನೆಯನ್ನು ಕಾವಲಿಗೆ ಕೂರಿಸಿದೆಯಲ್ಲ ಮಗು, ಅಲ್ಲಿಗೇ ಆಟ ಮುಗಿಯಿತು” ಎಂದು ಹೇಳಿ, ನೋಟ್‌ಬುಕ್ ತೆರೆದು ರೂಬಿನ್‌ಸ್ಟೈನ್ ಮತ್ತು ಲಾಸ್ಕರ್ ಆಡಿದ ಆಟವನ್ನು ಮೊದಲ ನಡೆಯಿಂದ ತೋರಿಸಿದರು.

ಆ ಆಟ 1909ರದ್ದು, ಸೇಂಟ್ ಪೀಟರ್ಸ್‌ಬರ್ಗ್‌ನಲ್ಲಿ ನಡೆದದ್ದು. ಇಮ್ಯಾನುಯೆಲ್ ಲಾಸ್ಕರ್ ಆಗ ವಿಶ್ವ ಚಾಂಪಿಯನ್. 1894ರಲ್ಲಿ ಹಿಡಿದ ಪಟ್ಟವನ್ನು 1921ರವರೆಗೆ, ಇಪ್ಪತ್ತೇಳು ವರ್ಷ, ಬಿಟ್ಟುಕೊಡದವರು. ಅವರ ಎದುರು ಬಿಳಿ ಕಾಯಿಗಳನ್ನು ಹಿಡಿದು ಕೂತಿದ್ದವರು ಪೋಲೆಂಡಿನ ಸ್ತಾವಿಸ್ಕಿ ಎಂಬ ಸಣ್ಣ ಊರಿನ ಯೆಹೂದಿ ಯುವಕ. ಪೋಲೆಂಡಿನ ಆ ಭಾಗ ಆಗ ರಷ್ಯಾ ಸಾಮ್ರಾಜ್ಯಕ್ಕೆ ಸೇರಿತ್ತು. ರಬ್ಬಿ, ಅಂದರೆ ಯೆಹೂದಿ ಧರ್ಮಗುರು, ಆಗಲೆಂದು ಮನೆಯವರು ಧರ್ಮಗ್ರಂಥಗಳ ಓದಿಗೆ ಹಚ್ಚಿದ್ದ ಹುಡುಗ ಚೆಸ್ ಕಲಿತದ್ದೇ ಹದಿನಾಲ್ಕು ದಾಟಿದ ಮೇಲೆ. ಇಂದು ಐದು ವರ್ಷಕ್ಕೆ ಹಲಗೆ ಮುಂದೆ ಕೂರಿಸದಿದ್ದರೆ ತಡವಾಯಿತೆಂದು ಪೇಚಾಡುವ ತಂದೆತಾಯಿಗಳನ್ನು ಕಂಡಾಗಲೆಲ್ಲ ನನಗೆ ಈ ಸಂಗತಿ ನೆನಪಾಗುತ್ತದೆ. ಲೋಡ್ಜ್ ಎಂಬ ಬಟ್ಟೆ ಗಿರಣಿಗಳ ನಗರಕ್ಕೆ ಹೋಗಿ, ಅಲ್ಲಿನ ಬಲಿಷ್ಠ ಆಟಗಾರ ಗೆರ್ಷ್ ಸಾಲ್ವೆ ಅವರ ಜೊತೆ ಆಡಿ ಆಡಿ ಪಳಗಿದರು. 1903ರಲ್ಲಿ ಕೀವ್‌ನ ಟೂರ್ನಿಯಲ್ಲಿ ಐದನೆಯವರಾದ ಮೇಲೆ ರಬ್ಬಿಯ ಓದು ಅಲ್ಲಿಗೆ ನಿಂತಿತು.

ಲಾಸ್ಕರ್ ಜೊತೆಗಿನ ಆಟದಲ್ಲಿ ಮಂತ್ರಿಗಳು, ಒಂಟೆಗಳು, ಕುದುರೆಗಳು ಒಂದೊಂದಾಗಿ ಹಲಗೆ ಬಿಟ್ಟವು. ಉಳಿದದ್ದು ಆನೆಗಳು, ಕಾಲಾಳುಗಳು ಮತ್ತು ರೂಬಿನ್‌ಸ್ಟೈನ್ ಬಳಿ ಒಂದು ಹೆಚ್ಚಿನ ಕಾಲಾಳು. ಅಂದರೆ ಆ ದಿನ ನನ್ನ ಬಳಿ ಇದ್ದದ್ದೇ. ಅವರ ಆನೆ ಕಾವಲಿಗೆ ಕೂರಲಿಲ್ಲ. ಲಾಸ್ಕರ್ ಆನೆಯೇ ಕಾವಲಿಗೆ ಕೂರಬೇಕಾಯಿತು, ಅವರ ರಾಜ ಹಿಂದಿನ ಸಾಲುಗಳಲ್ಲಿ ಉಸಿರು ಬಿಗಿಹಿಡಿದು ನಿಲ್ಲಬೇಕಾಯಿತು. ಆತುರದ ಒಂದು ನಡೆಯೂ ಇಲ್ಲ. ಹೊಲ ಉಳುವವನು ಸಾಲು ಬಿಡದೆ ಉತ್ತಂತೆ ಒಂದಾದ ಮೇಲೊಂದು ನಡೆ, ಪ್ರತಿ ನಡೆಗೂ ಎದುರಾಳಿಗೆ ಒಂದು ಮನೆ ಕಡಿಮೆ. ಲಾಸ್ಕರ್ ಸೋಲೊಪ್ಪಿಕೊಂಡರು. ಟೂರ್ನಿ ಮುಗಿದಾಗ 18 ಆಟಗಳಲ್ಲಿ ಇಬ್ಬರಿಗೂ ತಲಾ ಹದಿನಾಲ್ಕೂವರೆ ಅಂಕ, ಮೊದಲ ಸ್ಥಾನ ಜಂಟಿ. ಮೂರನೆಯ ಸ್ಥಾನದವರು ಮೂರೂವರೆ ಅಂಕ ಹಿಂದೆ.

ಆನೆಗಳ ಕೊನೆಯಾಟ ಚೆಸ್‌ನಲ್ಲಿ ಅತಿ ಹೆಚ್ಚು ಬರುವ ಕೊನೆಯಾಟ. ಆನೆಗಳು ಮೂಲೆಯಲ್ಲಿರುತ್ತವೆ, ತಡವಾಗಿ ಹೊರಬರುತ್ತವೆ, ಆದ್ದರಿಂದ ತಡವಾಗಿ ಸಾಯುತ್ತವೆ. ಕಾರಣ ಇಷ್ಟು ಸರಳ. ಆನೆಗಳ ಕೊನೆಯಾಟವೆಲ್ಲ ಡ್ರಾ ಎಂಬ ಹಳೆಯ ಮಾತು ಚೆಸ್ ಮಂದಿಯಲ್ಲಿ ಚಾಲ್ತಿಯಲ್ಲಿದೆ. ಒಂದು ಕಾಲಾಳು ಹೆಚ್ಚಿದ್ದರೂ ಗೆಲುವು ಕೈಗೆ ಹತ್ತದ ಬಗೆ ಅದು. ರೂಬಿನ್‌ಸ್ಟೈನ್ ಆ ಡ್ರಾಗಳನ್ನು ಗೆಲ್ಲುತ್ತಿದ್ದರು. ದೇವತೆಗಳು ಸಾವಿರ ವರ್ಷಗಳ ಹಿಂದೆ ಶುರುಮಾಡಿದ ಒಂದು ಆಟದ ಕೊನೆಯಲ್ಲಿ ಉಳಿದ ಆನೆಯಾಟವೇ ರೂಬಿನ್‌ಸ್ಟೈನ್ ಎಂದು ಅವರ ಸಮಕಾಲೀನ ಗ್ರ್ಯಾಂಡ್‌ಮಾಸ್ಟರ್ ಟಾರ್ಟಕೋವರ್ ಹೇಳಿದರೆಂಬ ಮಾತಿದೆ. ಯುರೋಪಿನ ಹಲವು ಭಾಷೆಗಳಲ್ಲಿ ಅದೇ ಕಾಯಿ ಕೋಟೆಯ ಗೋಪುರವಾಗಿದೆ. ಕನ್ನಡದಲ್ಲಿ ಅದು ಆನೆ. ಈ ಮಾತನ್ನು ಕನ್ನಡದಲ್ಲಿ ಹೇಳಿಕೊಂಡಾಗ ನನಗೆ ಕಾಣುವುದು ನಿಧಾನವಾಗಿ, ಕಾಲಿಡುವ ಮೊದಲು ನೆಲ ಮುಟ್ಟಿ ನೋಡಿ ನಡೆಯುವ ಒಂದು ದೊಡ್ಡ ಜೀವ.

ಅದೇ ಟೂರ್ನಿಯಲ್ಲಿ ಎರಿಕ್ ಕೋನ್ ಎಂಬ ಜರ್ಮನ್ ಆಟಗಾರನ ಎದುರು ಅವರು ಆಡಿದ ಆಟವನ್ನು ಇಲ್ಲಿ ಸ್ವಲ್ಪ ನಿಂತು ನೋಡಬೇಕು. ಕಾಯಿಗಳೆಲ್ಲ ಹೋಗಿ ರಾಜರು, ಕಾಲಾಳುಗಳು ಮಾತ್ರ ಉಳಿದಿದ್ದರು. ಲೆಕ್ಕದಲ್ಲಿ ಎರಡೂ ಕಡೆ ಸಮ. ವ್ಯತ್ಯಾಸವೆಂದರೆ ಬಿಳಿಯ ಬಲಗಡೆಯ ಸಾಲು ಮುರಿದಿತ್ತು. (ಹಲಗೆಯ ಉದ್ದಸಾಲುಗಳಿಗೆ ಎ ಇಂದ ಎಚ್ ವರೆಗಿನ ಅಕ್ಷರ, ಅಡ್ಡಸಾಲುಗಳಿಗೆ 1ರಿಂದ 8ರವರೆಗಿನ ಅಂಕಿ; ಎರಡೂ ಸೇರಿದರೆ ಮನೆಯ ಹೆಸರು.) ಎಫ್ ಸಾಲಿನಲ್ಲಿ ಒಂದರ ಹಿಂದೊಂದು ಎರಡು ಕಾಲಾಳು, ತುದಿಯಲ್ಲಿ ಎಚ್2ರ ಮೇಲೆ ಒಂಟಿಯಾಗಿ ಇನ್ನೊಂದು. ಬೇರೆಯವರಾಗಿದ್ದರೆ ಇಲ್ಲಿ ಕೈಕುಲುಕಿ ಏಳುತ್ತಿದ್ದರು. ರೂಬಿನ್‌ಸ್ಟೈನ್ ತಮ್ಮ ಕಪ್ಪು ರಾಜನನ್ನು ಎಬ್ಬಿಸಿ ನಡೆಸಿದರು. ಎಫ್6, ಜಿ5, ಎಚ್4, ಎಚ್3. ಒಬ್ಬನೇ, ಶತ್ರುವಿನ ಹಿತ್ತಿಲಿನವರೆಗೆ. ಈಗ ಎಚ್2ರ ಕಾಲಾಳನ್ನು ಕಾಪಾಡಲು ಬಿಳಿಯ ರಾಜ ಓಡಿಬಂದು ಮೂಲೆ ಸೇರಬೇಕಾಯಿತು. ಅಲ್ಲಿಂದ ಮುಂದೆ ಅವನಿಗೆ ಎರಡೇ ಮನೆ, ಜಿ1 ಮತ್ತು ಎಚ್1. ಗೂಟಕ್ಕೆ ಕಟ್ಟಿದ ಕರುವಿನ ಹಾಗೆ ಅತ್ತ ಒಂದು ಹೆಜ್ಜೆ, ಇತ್ತ ಒಂದು ಹೆಜ್ಜೆ. ಅವನು ಹೀಗೆ ತೂಗಾಡುತ್ತಿರುವಾಗ ಕಪ್ಪು ಕಾಲಾಳುಗಳು ಒಂದೊಂದಾಗಿ ಮುಂದೆ ಬಂದವು, ಯಾವುದಕ್ಕೂ ಅವಸರವಿಲ್ಲ. ಕೊನೆಗೆ ಜಿ ಸಾಲಿನ ಕಾಲಾಳು ಮುನ್ನುಗ್ಗಿ ಗೋಡೆ ಒಡೆಯಿತು.

ನಾನು ಈ ಆಟವನ್ನು ಎಷ್ಟು ಬಾರಿ ಆಡಿ ನೋಡಿದ್ದೇನೋ ಲೆಕ್ಕವಿಲ್ಲ. ರಾಜನೆಂದರೆ ಬಚ್ಚಿಡಬೇಕಾದವನು ಎಂದು ಕಲಿತಿದ್ದ ನನಗೆ, ಕಾಯಿಗಳು ಖಾಲಿಯಾದ ಮೇಲೆ ರಾಜನೇ ಕೆಲಸಕ್ಕೆ ಇಳಿಯಬೇಕು ಎಂಬುದು ಈ ನಾಲ್ಕು ಹೆಜ್ಜೆಗಳಿಂದ ತಿಳಿಯಿತು. ತಿಳಿಯುವುದು ಬೇರೆ, ಗಡಿಯಾರ ಓಡುತ್ತಿರುವಾಗ ಹಾಗೆ ನಡೆಸುವುದು ಬೇರೆ. ನನಗೆ ಎರಡನೆಯದು ಇವತ್ತಿಗೂ ಪೂರ್ತಿ ಕೈವಶವಾಗಿಲ್ಲ.

ಹೀಗೆಂದರೆ ಅವರು ಬರೀ ತಾಳ್ಮೆಯ ಆಟಗಾರರು ಎಂದುಕೊಳ್ಳಬಾರದು. 1907ರ ಡಿಸೆಂಬರ್‌ನಲ್ಲಿ ಲೋಡ್ಜ್‌ನಲ್ಲಿ ರೋಟ್ಲೆವಿ ಎದುರು ಕಪ್ಪು ಕಾಯಿಗಳಲ್ಲಿ ಆಡಿದ ಆಟ ‘ರೂಬಿನ್‌ಸ್ಟೈನ್ ಅಮರ ಆಟ’ ಎಂದೇ ಹೆಸರಾಗಿದೆ. ಬಿಳಿಯ ಕಾಲಾಳೊಂದು ಅವರ ಮಂತ್ರಿಯ ಮೇಲೆ ಬಿದ್ದಿದೆ. ಮಂತ್ರಿಯನ್ನು ಸರಿಸುವ ಬದಲು ಅವರು ಆನೆಯಿಂದ ಸಿ3ರಲ್ಲಿದ್ದ ಕುದುರೆಯನ್ನು ಹೊಡೆಯುತ್ತಾರೆ. ಬಿಳಿ ಮಂತ್ರಿಯನ್ನು ತಿನ್ನುತ್ತದೆ. ಆಗ ಎರಡನೆಯ ಆನೆ ಬಿಳಿ ಮಂತ್ರಿಯ ಬಾಯಿಗೇ, ಡಿ2ಕ್ಕೆ ಹೋಗಿ ನಿಲ್ಲುತ್ತದೆ. ಅದನ್ನೂ ತಿನ್ನಿದರೆ ಒಂಟೆಯಿಂದ ಚೆಕ್. ಮಂತ್ರಿ ನಡುವೆ ಬಂದು ಅಡ್ಡ ನಿಲ್ಲಬೇಕು. ಆಮೇಲೆ ಸಿ3ರಲ್ಲಿದ್ದ ಮೊದಲ ಆನೆ ಇಡೀ ಸಾಲನ್ನು ದಾಟಿ ಎಚ್3ಕ್ಕೆ. ಕೆಲವೇ ನಡೆಗಳಲ್ಲಿ ಚೆಕ್‌ಮೇಟ್, ತಪ್ಪಿಸುವ ದಾರಿಯಿಲ್ಲ. ಇಪ್ಪತ್ತೈದನೇ ನಡೆಗೆ ರೋಟ್ಲೆವಿ ಸೋಲೊಪ್ಪಿದರು. ಬಲಿ ಕೊಟ್ಟ ಕಾಯಿಗಳ ಅಬ್ಬರದಲ್ಲಿ ಜನ ಒಂದು ವಿಷಯ ಗಮನಿಸುವುದಿಲ್ಲ. ಆ ಎರಡು ಒಂಟೆಗಳು, ಎರಡು ಆನೆಗಳು, ಒಂದು ಕುದುರೆ ಅದಕ್ಕೂ ಎಷ್ಟೋ ಮೊದಲೇ, ಒಂದೂ ಸದ್ದು ಮಾಡದೆ, ಬೇಕಾದ ಜಾಗಗಳಿಗೆ ಬಂದು ಕೂತಿದ್ದವು. ಸಿಡಿಲು ಆಮೇಲೆ ಬಂತು, ಮೋಡ ಕಟ್ಟಿದ್ದು ಮೊದಲು.

1912ನೇ ವರ್ಷ ಅವರದು. ಸಾನ್ ಸೆಬಾಸ್ಟಿಯನ್, ಪಿಸ್ತ್ಯಾನ್, ಬ್ರೆಸ್ಲಾವ್, ವಾರ್ಸಾ, ವಿಲ್ನಾ. ಒಂದೇ ವರ್ಷದಲ್ಲಿ ಐದು ಟೂರ್ನಿಗಳಲ್ಲಿ ಅಗ್ರಸ್ಥಾನ, ಬ್ರೆಸ್ಲಾವ್‌ನಲ್ಲಿ ಮಾತ್ರ ಡೂರಾಸ್ ಜೊತೆ ಹಂಚಿಕೊಂಡದ್ದು. ಹಿಂದಿನ ವರ್ಷ ಅದೇ ಸಾನ್ ಸೆಬಾಸ್ಟಿಯನ್‌ನಲ್ಲಿ ಯುವಕ ಕಾಪಾಬ್ಲಾಂಕಾ ಅರ್ಧ ಅಂಕದಿಂದ ಟೂರ್ನಿ ಗೆದ್ದಿದ್ದರು. ಆದರೆ ಅಲ್ಲಿ ಅವರನ್ನು ಸೋಲಿಸಿದ ಏಕೈಕ ಆಟಗಾರ ರೂಬಿನ್‌ಸ್ಟೈನ್. ಲಾಸ್ಕರ್‌ಗೆ ಸವಾಲು ಹಾಕಲು ಇವರಿಗಿಂತ ಯೋಗ್ಯರಿಲ್ಲ ಎಂಬ ಮಾತು ಎಲ್ಲೆಡೆ ಎದ್ದಿತು. ಆ ಕಾಲದಲ್ಲಿ ಚಾಂಪಿಯನ್‌ಷಿಪ್ ಪಂದ್ಯವೆಂದರೆ ಚಾಂಪಿಯನ್ ಒಪ್ಪಬೇಕು, ಹಣ ಒದಗಬೇಕು, ಆಗ ಮಾತ್ರ ಪಂದ್ಯ. ಅದನ್ನು ನಡೆಸಿಕೊಡುವ ಅಂತರರಾಷ್ಟ್ರೀಯ ಸಂಸ್ಥೆ ಇರಲಿಲ್ಲ. ಫಿಡೆ ಹುಟ್ಟಿದ್ದೇ 1924ರಲ್ಲಿ. ಕೊನೆಗೂ ಮಾತುಕತೆ ಕುದುರಿ 1914ರಲ್ಲಿ ಪಂದ್ಯ ನಡೆಯುವುದೆಂದಾಯಿತು.

ಆ ವರ್ಷದ ವಸಂತದಲ್ಲಿ ಸೇಂಟ್ ಪೀಟರ್ಸ್‌ಬರ್ಗ್‌ನಲ್ಲಿ ದೊಡ್ಡ ಟೂರ್ನಿ. ಅಲ್ಲಿ ರೂಬಿನ್‌ಸ್ಟೈನ್ ಫೈನಲ್ ಸುತ್ತಿನ ಐವರಲ್ಲಿ ಒಬ್ಬರಾಗಲೂ ಆಗಲಿಲ್ಲ. ಆಗಸ್ಟ್ ಹೊತ್ತಿಗೆ ಯುರೋಪಿನ ತುಂಬ ಯುದ್ಧ. ಪಂದ್ಯ ರದ್ದಾಯಿತು. ಲಾಸ್ಕರ್ ಎದುರು ಅವರು ಗೆಲ್ಲುತ್ತಿದ್ದರೇ? ನನಗೆ ಆ ಪ್ರಶ್ನೆ ಇಷ್ಟವಿಲ್ಲ. ಒಬ್ಬ ಮನುಷ್ಯ ಹನ್ನೊಂದು ವರ್ಷ ಬೇರೆ ಬದುಕನ್ನೇ ಬದಿಗಿಟ್ಟು ಒಂದು ಬಾಗಿಲವರೆಗೆ ನಡೆದುಬಂದಿದ್ದ. ಆ ಬಾಗಿಲು ಮುಚ್ಚಿದ್ದು ಹಲಗೆಯ ಮೇಲಿನ ಯಾವ ತಪ್ಪಿನಿಂದಲೂ ಅಲ್ಲ. ವರ್ಷದಲ್ಲಿ 60 ದಿನ ಟೂರ್ನಿ, 5 ದಿನ ವಿಶ್ರಾಂತಿ, ಉಳಿದ 300 ದಿನ ಅಭ್ಯಾಸ ಎಂಬ ಮಾತೊಂದು ಅವರ ಹೆಸರಿನಲ್ಲಿ ಓಡಾಡುತ್ತದೆ. ನಿಜವಾಗಿ ಹೇಳಿದ್ದರೋ ಇಲ್ಲವೋ, ಅವರ ಆಟಗಳನ್ನು ನೋಡಿದರೆ ಆ 300 ದಿನಗಳು ಕಾಣುತ್ತವೆ.

ಯುದ್ಧ ಮುಗಿದ ಮೇಲೆ ಇನ್ನೊಂದು ಬಾಗಿಲು ಅರೆ ತೆರೆದಿತ್ತು. 1922ರಲ್ಲಿ ಹೊಸ ಚಾಂಪಿಯನ್ ಕಾಪಾಬ್ಲಾಂಕಾ ಲಂಡನ್ನಿನಲ್ಲಿ ನಿಯಮಗಳನ್ನು ಮುಂದಿಟ್ಟರು. ಸವಾಲು ಹಾಕುವವರು ಕನಿಷ್ಠ 10,000 ಡಾಲರ್ ನಿಧಿ ಒದಗಿಸಬೇಕು. ಆಗಿನ ಪ್ರಮುಖ ಆಟಗಾರರು ಹಲವರು ಸಹಿ ಹಾಕಿದರು, ರೂಬಿನ್‌ಸ್ಟೈನ್ ಕೂಡ. ಅದೇ ವರ್ಷ ವಿಯೆನ್ನಾದ ಟೂರ್ನಿಯನ್ನು ಅಲೆಖಿನ್‌ರನ್ನು ಹಿಂದಿಕ್ಕಿ ಗೆದ್ದರು. ಆದರೆ ಆ ಹಣ ಎಲ್ಲಿಂದ ಬರಬೇಕು? ಮಾತು ಕಡಿಮೆ, ಜನರ ಮುಂದೆ ಸಂಕೋಚ, ಶ್ರೀಮಂತರ ಮನೆ ಬಾಗಿಲು ತಟ್ಟುವ ಸ್ವಭಾವವಿಲ್ಲ. ಅಲೆಖಿನ್ ಅರ್ಜೆಂಟೀನಾದವರ ಬೆಂಬಲದಿಂದ 1927ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಪಂದ್ಯ ಆಡಿ ಚಾಂಪಿಯನ್ ಆದರು. ರೂಬಿನ್‌ಸ್ಟೈನ್ ಅಷ್ಟರಲ್ಲಿ ಹೆಂಡತಿ ಮಕ್ಕಳೊಂದಿಗೆ ಬೆಲ್ಜಿಯಂ ಸೇರಿದ್ದರು.

ಅವರ ಮಾನಸಿಕ ಕಾಯಿಲೆಯ ಬಗ್ಗೆ ಒಂದಷ್ಟು ಹೇಳಲೇಬೇಕು, ಏಕೆಂದರೆ ಅಂತರ್ಜಾಲದಲ್ಲಿ ಅವರ ಹೆಸರು ಹುಡುಕಿದರೆ ಮೊದಲು ಸಿಗುವುದೇ ಅದು. ನಡೆ ಇಟ್ಟ ಕೂಡಲೇ ಎದ್ದು ಮೂಲೆಗೆ ಹೋಗಿ ನಿಲ್ಲುತ್ತಿದ್ದರು, ಅಪರಿಚಿತರು ಬಂದರೆ ಅಡಗಿಕೊಳ್ಳುತ್ತಿದ್ದರು ಎಂದು ಸ್ವಾರಸ್ಯದ ಕತೆಗಳಂತೆ ಹಂಚಿಕೊಳ್ಳುತ್ತಾರೆ. ನನಗೆ ಅದನ್ನು ಓದಿದಾಗಲೆಲ್ಲ ಮನಸ್ಸು ನೋಯುತ್ತದೆ. ಜನರನ್ನು ಕಂಡರೆ ಹೆದರಿಕೆ ಹುಟ್ಟಿಸುವ ಒಂದು ಕಾಯಿಲೆಯನ್ನು ಹೊತ್ತುಕೊಂಡು, ಎದುರಿಗೆ ಒಬ್ಬ, ಸುತ್ತ ನೂರಾರು ಜನ ಇರುವ ಕೋಣೆಯಲ್ಲಿ ಗಂಟೆಗಟ್ಟಲೆ ಕೂರುವುದೇ ಅವರ ಹೊಟ್ಟೆಪಾಡಾಗಿತ್ತು. ಕಾಲು ಮುರಿದವನು ಓಟದ ಸ್ಪರ್ಧೆಗೆ ನಿಂತ ಹಾಗೆ. ಮೂಲೆಗೆ ಹೋಗಿ ನಿಂತದ್ದನ್ನು ನೆನಪಿಟ್ಟುಕೊಳ್ಳುವವರು ಅವರು ಮರಳಿ ಬಂದು ಕುರ್ಚಿಯಲ್ಲಿ ಕೂತದ್ದನ್ನೂ ನೆನಪಿಟ್ಟುಕೊಳ್ಳಬೇಕು.

ಎಂಥ ಸ್ಥಿತಿಯಲ್ಲಿ ಎಂಥ ಆಟ ಎಂಬುದಕ್ಕೆ 1930ರ ಹ್ಯಾಂಬರ್ಗ್ ಒಲಿಂಪಿಯಾಡ್ ನೋಡಬೇಕು. ಪೋಲೆಂಡ್ ತಂಡದ ಮೊದಲ ಹಲಗೆಯಲ್ಲಿ, ಅಂದರೆ ಪ್ರತಿ ದೇಶದ ಅತ್ಯುತ್ತಮ ಆಟಗಾರರ ಎದುರು, ಅವರು 17 ಆಟ ಆಡಿದರು. 13 ಗೆಲುವು, 4 ಡ್ರಾ, ಸೋಲು ಒಂದೂ ಇಲ್ಲ. ಪೋಲೆಂಡ್‌ಗೆ ಚಿನ್ನ. ಆಗ ಅವರಿಗೆ ಸುಮಾರು ಐವತ್ತು ವರ್ಷ. ಎರಡು ವರ್ಷದ ಬಳಿಕ ಸ್ಪರ್ಧೆಯ ಆಟದಿಂದಲೇ ಹಿಂದೆ ಸರಿದರು.

ಆ ಚಿನ್ನದ ತಂಡದಲ್ಲಿ ದಾವಿದ್ ಪ್ಶೆಪ್ಯುರ್ಕಾ ಎಂಬವರೂ ಇದ್ದರು. ಒಳ್ಳೆಯ ಆಟಗಾರ, ಅದಕ್ಕಿಂತ ಒಳ್ಳೆಯ ಚೆಸ್ ಸಮಸ್ಯೆಗಳ ರಚನಕಾರ. ನಾಜಿಗಳು 1940ರಲ್ಲಿ ಅವರನ್ನು ವಾರ್ಸಾ ಬಳಿಯ ಪಾಲ್ಮಿರಿಯಲ್ಲಿ ಕೊಂದರು. ಬೆಲ್ಜಿಯಂನಿಂದ 25,000ಕ್ಕೂ ಹೆಚ್ಚು ಯೆಹೂದಿಗಳನ್ನು ರೈಲುಗಳಲ್ಲಿ ತುಂಬಿ ಆಶ್‌ವಿಟ್ಸ್‌ಗೆ ಸಾಗಿಸಲಾಯಿತು. ರೂಬಿನ್‌ಸ್ಟೈನ್ ಆ ವರ್ಷಗಳನ್ನು ದಾಟಿ ಉಳಿದರು. ಫಿಡೆ 1950ರಲ್ಲಿ ಮೊದಲ ಬಾರಿಗೆ ಅಧಿಕೃತವಾಗಿ ಗ್ರ್ಯಾಂಡ್‌ಮಾಸ್ಟರ್ ಪದವಿ ಕೊಟ್ಟಾಗ 27 ಜನರ ಪಟ್ಟಿಯಲ್ಲಿ ಅವರ ಹೆಸರಿತ್ತು. ಟೂರ್ನಿಯಲ್ಲಿ ಕಾಯಿ ಮುಟ್ಟಿ ಆಗ ಹದಿನೆಂಟು ವರ್ಷವಾಗಿತ್ತು. 1954ರಲ್ಲಿ ಹೆಂಡತಿ ತೀರಿಕೊಂಡರು. ಆಮೇಲೆ ಆಂಟ್ವರ್ಪ್‌ನ ವೃದ್ಧಾಶ್ರಮ. 1961ರ ಮಾರ್ಚ್‌ನಲ್ಲಿ ಅಲ್ಲಿಯೇ ಕೊನೆಯುಸಿರೆಳೆದರು.

ಅವರ ನಡೆಗಳು ಇಂದಿಗೂ ಪ್ರತಿ ದಿನ ಆಡಲ್ಪಡುತ್ತಿವೆ. ಆಟ ಶುರುಮಾಡುವ ಕ್ರಮಗಳಲ್ಲಿ ಒಂದಾದ ನಿಮ್ಜೋ-ಇಂಡಿಯನ್ ರಕ್ಷಣೆಗೆ ಬಿಳಿ ನಾಲ್ಕನೇ ನಡೆಯಲ್ಲಿ ಕಾಲಾಳನ್ನು ಇ3ಕ್ಕೆ ತಂದರೆ ಅದು ರೂಬಿನ್‌ಸ್ಟೈನ್ ಪದ್ಧತಿ. ಫ್ರೆಂಚ್ ರಕ್ಷಣೆಯಲ್ಲಿ ಅವರ ಹೆಸರಿನದೊಂದು ಕವಲಿದೆ, ನಾಲ್ಕು ಕುದುರೆಗಳ ಆರಂಭದಲ್ಲಿ ಇನ್ನೊಂದು. ಮೊಬೈಲಿನಲ್ಲಿ ಮೂರು ನಿಮಿಷದ ಆಟ ಆಡುವ ಹುಡುಗ ತಿಳಿಯದೆಯೇ ಅವರ ದಾರಿಯಲ್ಲಿ ನಡೆಯುತ್ತಿರುತ್ತಾನೆ. ಪೋಲೆಂಡಿನ ಪೊಲಾನಿತ್ಸಾದಲ್ಲಿ 1963ರಿಂದ ಅವರ ಸ್ಮಾರಕ ಟೂರ್ನಿ ನಡೆಯುತ್ತಾ ಬಂದಿದೆ.

2012ರ ಮೇ ತಿಂಗಳಲ್ಲಿ ಮಾಸ್ಕೋದಲ್ಲಿ ವಿಶ್ವನಾಥನ್ ಆನಂದ್ ತಮ್ಮ ಪಟ್ಟ ಉಳಿಸಿಕೊಳ್ಳಲು ಆಡಿದ್ದು ಬೋರಿಸ್ ಗೆಲ್ಫಂಡ್ ಎದುರು. ಬಾಲ್ಯದಲ್ಲಿ ಮಿನ್ಸ್ಕ್‌ನಲ್ಲಿ ರೂಬಿನ್‌ಸ್ಟೈನ್ ಆಟಗಳನ್ನು ಅಭ್ಯಾಸ ಮಾಡಿ ಬೆಳೆದವನು ತಾನು ಎಂದು ಗೆಲ್ಫಂಡ್ ಹೇಳಿಕೊಂಡಿದ್ದಾರೆ. ನಮ್ಮ ಮನೆಯಲ್ಲಿ ಎಲ್ಲರೂ ಆನಂದ್ ಗೆಲ್ಲಲೆಂದು ಹಾರೈಸುತ್ತಿದ್ದರು, ನಾನೂ ಅಷ್ಟೇ. ಆದರೆ 12 ಆಟಗಳು 6–6ರಲ್ಲಿ ಸಮವಾಗಿ ಮುಗಿದ ದಿನ ನನ್ನೊಳಗೆ ಇನ್ನೊಂದು ಭಾವವೂ ಇತ್ತು. ರೂಬಿನ್‌ಸ್ಟೈನ್ ಶಿಷ್ಯಪರಂಪರೆಯ ಒಬ್ಬರು, ನೂರು ವರ್ಷ ತಡವಾಗಿಯಾದರೂ, ಆ ಬಾಗಿಲೊಳಗೆ ಬಂದು ಕೂತಿದ್ದರು. ಆನಂದ್ ಟೈಬ್ರೇಕ್‌ನಲ್ಲಿ, ಅಂದರೆ ಸಮ ಮುರಿಯಲು ಆಡಿಸುವ ವೇಗದ ಆಟಗಳಲ್ಲಿ, 2.5–1.5ರಿಂದ ಗೆದ್ದರು. ಮಾವನಿಗೆ ಫೋನ್ ಮಾಡಿದೆ. ಅವರು ಗೆದ್ದವರ ಬಗ್ಗೆ ಎರಡು ಮಾತಾಡಿ, ಸೋತವರ ಆಟಗಳ ಬಗ್ಗೆ ಅರ್ಧ ಗಂಟೆ ಮಾತಾಡಿದರು.

ಕಳೆದ ತಿಂಗಳು ನೋಟ್‌ಬುಕ್ ಇಟ್ಟುಕೊಂಡು ಕೋನ್ ಎದುರಿನ ಆಟವನ್ನು ಮತ್ತೆ ಆಡಿ ನೋಡುತ್ತಿದ್ದೆ. ರಾಜನ ನಡಿಗೆ ಬಂದಲ್ಲಿ ಒಂದು ತಪ್ಪು ಕಂಡಿತು. ‘ರಾ ಎಚ್4’ ಎಂದು ಮಾವ ಎರಡು ಸಲ ಬರೆದುಬಿಟ್ಟಿದ್ದರು. ಎರಡನೆಯದು ಎಚ್3 ಆಗಬೇಕಿತ್ತು. ತಿದ್ದೋಣವೆಂದು ಪೆನ್ನು ತೆಗೆದುಕೊಂಡು ಬಗ್ಗಿದಾಗ ಕಂಡದ್ದು, ಅದು ಆಗಲೇ ತಿದ್ದಲ್ಪಟ್ಟಿದೆ. ನೀಲಿ ಶಾಯಿಯ 4ರ ಪಕ್ಕದಲ್ಲಿ ಪೆನ್ಸಿಲಿನಲ್ಲಿ ಒಂದು 3. ಗುಂಡು ಅಕ್ಷರವಲ್ಲ, ಗೆರೆ ಅಲುಗಾಡಿ ಅಂಕುಡೊಂಕಾಗಿದೆ. ಮಾವನಿಗೆ ಕೈ ನಡುಕ ಶುರುವಾದದ್ದು ಕೊನೆಯ ವರ್ಷದಲ್ಲಿ. ಕಾಫಿ ಲೋಟವನ್ನು ಎರಡೂ ಕೈಯಲ್ಲಿ ಹಿಡಿಯುತ್ತಿದ್ದ ಆ ದಿನಗಳಲ್ಲಿ, ಯಾರೂ ಇಲ್ಲದ ಹೊತ್ತಿನಲ್ಲಿ, ಹಲಗೆ ಹಾಸಿಕೊಂಡು ಈ ರಾಜನನ್ನು ಅವರು ಇನ್ನೊಮ್ಮೆ ಅಲ್ಲಿಯವರೆಗೆ ನಡೆಸಿದ್ದರು.